ತೆರೆಯ ಮೇಲೆ ಸಿಪಾಯಿಯ ಮಾತು

ಯುದ್ಧದ ಚರಿತ್ರೆಯನ್ನು ನಾವು ತರಗತಿಯಲ್ಲಿ ಓದುವಾಗ ದೊರೆಗಳು, ಸೇನಾಪತಿಗಳು, ಒಪ್ಪಂದಗಳು ಸಿಗುತ್ತವೆ. ಸಿಪಾಯಿ ಸಿಗುವುದು ಅಂಕಿಯಾಗಿ ಮಾತ್ರ. ಆ ಅಂಕಿಯೊಳಗಿನ ಒಬ್ಬೊಬ್ಬನ ಮಾತನ್ನು ಸಾಕ್ಷ್ಯಚಿತ್ರಗಳು ಹೇಗೆ ಹಿಡಿಯುತ್ತವೆಂಬುದನ್ನು ನಾನು ಬಲ್ಲ ಮಟ್ಟಿಗೆ ಇಲ್ಲಿ ವಿವರಿಸುತ್ತೇನೆ. ಇದಕ್ಕೆ ನನ್ನದೊಂದು ಸೋಲೇ ಕಾರಣ.

ನಮ್ಮ ತಾತ 1971ರ ಯುದ್ಧಕಾಲದಲ್ಲಿ ಸೈನ್ಯದ ಲಾರಿ ನಡೆಸಿದವರು. ಹೆಚ್ಚು ಓದಿದವರಲ್ಲ, ದಿನಚರಿ ಬರೆದಿಡುವ ಪದ್ಧತಿ ನಮ್ಮ ಮನೆಯಲ್ಲಿ ಯಾರಿಗೂ ಇರಲಿಲ್ಲ. ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲಿಗ. ಕಳೆದ ದಸರಾ ರಜೆಯಲ್ಲಿ ಮೊಬೈಲನ್ನು ಅವರ ಮುಂದಿಟ್ಟು, "ಯುದ್ಧ ಗೆದ್ದಾಗ ಬಹಳ ಸಂತೋಷ ಆಗಿರಬೇಕಲ್ಲವೇ ತಾತ?" ಎಂದು ಕೇಳಿದೆ. "ಹೂಂ" ಎಂದರು. ಆಮೇಲೆ ಕೆಸರಿನಲ್ಲಿ ಹೂತ ಚಕ್ರದ ಸುದ್ದಿ ತೆಗೆದರು. ಇದೇನು ಯುದ್ಧದ ಕಥೆಯೇ ಎಂದುಕೊಂಡು ಮುದ್ರಣವನ್ನು ನಿಲ್ಲಿಸಿಬಿಟ್ಟೆ.

ಆಮೇಲೆ ನೋಡಿದ ಎರಡು ಚಿತ್ರಗಳು ನನ್ನ ತಪ್ಪನ್ನು ತಿಳಿಸಿದವು. ಮೊದಲನೆಯದು, ಪೀಟರ್ ಜಾಕ್ಸನ್ 2018ರಲ್ಲಿ ತಯಾರಿಸಿದ 'ದೇ ಶಲ್ ನಾಟ್ ಗ್ರೋ ಓಲ್ಡ್'. ಮೊದಲನೆಯ ಮಹಾಯುದ್ಧದ ಬ್ರಿಟಿಷ್ ಸಿಪಾಯಿಗಳ ಕಥೆ. ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಮ್ಮಿನಲ್ಲಿದ್ದ ಸುಮಾರು 100 ಗಂಟೆಗಳ ಮೂಕಿ ಚಿತ್ರ, ಯುದ್ಧ ಮುಗಿದು ದಶಕಗಳಾದ ಮೇಲೆ ಸುಮಾರು 200 ಮಂದಿ ಮುದುಕರಿಂದ ಮ್ಯೂಸಿಯಮ್ಮೂ ಬಿ.ಬಿ.ಸಿ.ಯೂ ಮುದ್ರಿಸಿಟ್ಟಿದ್ದ ಸುಮಾರು 600 ಗಂಟೆಗಳ ಮಾತು, ಇವೇ ಸಾಮಗ್ರಿ. ಅಂದಿನ ಕ್ಯಾಮರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ 10ರಿಂದ 18ರವರೆಗೆ, ಏರುಪೇರಾಗಿ ಚೌಕಟ್ಟುಗಳು ಬೀಳುತ್ತಿದ್ದವು. ಅದನ್ನು ಹಾಗೆಯೇ ಇಂದಿನ ವೇಗದಲ್ಲಿ ಓಡಿಸಿದರೆ ಸಿಪಾಯಿ ಬೊಂಬೆಯಂತೆ ಕುಣಿಯುತ್ತಾನೆ, ನೋಡುವವರಿಗೆ ನಗು. ಗಣಕಯಂತ್ರದಿಂದ ನಡುವಿನ ಚೌಕಟ್ಟುಗಳನ್ನು ತುಂಬಿ 24ಕ್ಕೆ ತಂದರು, ಬಣ್ಣ ಹಾಕಿದರು, ತುಟಿಯ ಚಲನೆ ಓದಬಲ್ಲವರನ್ನು ಕರೆಸಿ ಅಂದು ಆಡಿದ ಮಾತನ್ನು ಊಹಿಸಿ ನಟರಿಂದ ಹೇಳಿಸಿದರು. ನಿರೂಪಕನೆಂಬುವನೇ ಇಲ್ಲ. ಮುದುಕರು ಹೇಳುವುದು ಚಹಾ, ಹೇನು, ಕೆಸರು, ಸತ್ತ ಗೆಳೆಯರ ಸುದ್ದಿ.

ಆದರೂ ತೆರೆಯ ಮೇಲಿನ ಮುಖ ಒಬ್ಬನದು, ಕೇಳಿಸುವ ಮಾತು ಇನ್ನೊಬ್ಬನದು. ಹಾಕಿದ ಬಣ್ಣಕ್ಕಿಂತ ಇದೇ ನನ್ನನ್ನು ಹೆಚ್ಚು ಕಾಡಿತು.

ಎರಡನೆಯದು ಜರ್ಮನಿಯ ಫಿಲಿಪ್ ಶೆಫ್ನರ್ ಅವರ 'ದಿ ಹಾಫ್‌ಮೂನ್ ಫೈಲ್ಸ್' (2007). ಇಲ್ಲಿರುವವರು ನಮ್ಮ ದೇಶದವರೇ. ಅದೇ ಯುದ್ಧದಲ್ಲಿ ಬರ್ಲಿನ್ನಿನ ಬಳಿಯ ವುನ್ಸ್‌ಡೋರ್ಫ್ ಶಿಬಿರದಲ್ಲಿ ಸೆರೆಯಾಗಿದ್ದ ಭಾರತೀಯ ಸಿಪಾಯಿಗಳ ದನಿಯನ್ನು ಜರ್ಮನ್ ವಿದ್ವಾಂಸರು ಭಾಷೆಯ ಮಾದರಿಗಾಗಿ ಮುದ್ರಿಸಿಕೊಂಡರು. 1916ರ ಡಿಸೆಂಬರ್ 11ರಂದು ಮಾಲ್ ಸಿಂಗ್ ಎಂಬಾತ ಯಂತ್ರದ ಕೊಳವೆಯ ಮುಂದೆ ನಿಂತು, ಬೇರೆ ಯಾರದೋ ಸಂಗತಿಯೆಂಬಂತೆ ತನ್ನ ಕಥೆಯನ್ನೇ ಹೇಳಿದ: ಹಿಂದೂಸ್ಥಾನದಲ್ಲಿ ಬೆಣ್ಣೆ ತಿನ್ನುತ್ತಿದ್ದವನು ಇಂಗ್ಲಿಷರ ನೌಕರಿಗೆ ಸೇರಿ, ಯುರೋಪಿನ ಯುದ್ಧಕ್ಕೆ ಬಂದು, ಜರ್ಮನರ ಸೆರೆಯಾಗಿ, ಈಗ ಊರಿಗೆ ಹೋಗಬೇಕೆನ್ನುತ್ತಾನೆ. ವಿದ್ವಾಂಸರಿಗೆ ಬೇಕಾಗಿದ್ದುದು ಉಚ್ಚಾರಣೆ; ಆತ ಕೊಟ್ಟದ್ದು ಬೆಣ್ಣೆಯ ನೆನಪು. ಶೆಫ್ನರ್ ಆ ದನಿಗೆ ಬೇರೆಯವನ ಮುಖವನ್ನು ಅಂಟಿಸಲು ಹೋಗಲಿಲ್ಲ. ಚಿತ್ರದಲ್ಲಿ ಎಷ್ಟೋ ಕಡೆ ತೆರೆ ಬರೀ ಕಪ್ಪು. ಮೊದಮೊದಲು ಬೇಸರವೆನಿಸಿತು, ಬರಬರುತ್ತಾ ಕಿವಿ ಚುರುಕಾಯಿತು.

ಸಂಕ್ರಾಂತಿಗೆ ಊರಿಗೆ ಹೋದಾಗ ಮೊಬೈಲನ್ನು ಮತ್ತೆ ತಾತನ ಮುಂದಿಟ್ಟೆ. "ಚಕ್ರ ಹೂತಿತ್ತು ಅಂದಿರಲ್ಲ ತಾತ, ಆಮೇಲೆ?" ಎಂದು ಕೇಳಿ ಸುಮ್ಮನೆ ಕುಳಿತೆ. ಬಹಳ ಹೊತ್ತು ಅವರು ಬಾಯಿ ಬಿಡಲಿಲ್ಲ. ನಾನು ನಿಲ್ಲಿಸಲಿಲ್ಲ. "ಎತ್ತೋದಕ್ಕೆ ಅಂತ ಇಬ್ಬರು ಕೆಳಗಿಳಿದರು" ಎಂದು ಆರಂಭಿಸಿದರು. 42 ನಿಮಿಷಗಳ ಆ ಮುದ್ರಣದಲ್ಲಿ ನನ್ನ ದನಿ ಎರಡೇ ಸಲ ಇದೆ.