ಕೀ ಉತ್ತರ ಸರಿ, ಪ್ರಶ್ನೆಯೇ ತಪ್ಪು

384 ಗೆಜೆಟೆಡ್ ಪ್ರೊಬೇಷನರಿ ಹುದ್ದೆಗಳಿಗೆ ಕರ್ನಾಟಕ ಲೋಕಸೇವಾ ಆಯೋಗ (ಕೆಪಿಎಸ್‌ಸಿ) 2024ರ ಆಗಸ್ಟ್ 27ರಂದು ಪೂರ್ವಭಾವಿ ಪರೀಕ್ಷೆ ನಡೆಸಿತು. ಕನ್ನಡ ಅನುವಾದ ಎಷ್ಟು ಕೆಟ್ಟಿತ್ತೆಂದರೆ ಸರ್ಕಾರವೇ ಮರುಪರೀಕ್ಷೆಗೆ ಸೂಚಿಸಬೇಕಾಯಿತು. ಡಿಸೆಂಬರ್ 29ರ ಮರುಪರೀಕ್ಷೆಯಲ್ಲೂ ಅದೇ ದೂರು. ಭಾಷಾಂತರಕಾರರ ಅಸಡ್ಡೆ ಎಂದು ಬೈದು ಸುಮ್ಮನಾಗಬಹುದು. ನನ್ನ ಆತಂಕ ಬೇರೆ. ಇಂಥ ತಪ್ಪನ್ನು ಕೋರ್ಟು ತಿದ್ದೀತು ಎಂದು ನಂಬಿ ಕುಳಿತವರಿಗೆ ಮುಂದೆ ದೊಡ್ಡ ಪೆಟ್ಟು ಕಾದಿದೆ.

ಪರೀಕ್ಷಾ ಸಂಸ್ಥೆ ಸರಿ ಎಂದು ಪ್ರಕಟಿಸುವ ಉತ್ತರದ, ಅಂದರೆ ಕೀ ಉತ್ತರದ, ವಿವಾದಕ್ಕೆ ನ್ಯಾಯಾಲಯಗಳು ಹಿಡಿಯುವ ಅಳತೆಗೋಲು 1983ರದು. ಕಾನ್ಪುರ ವಿಶ್ವವಿದ್ಯಾಲಯ ಮತ್ತು ಸಮೀರ್ ಗುಪ್ತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದಿಷ್ಟು: ಕೀ ಉತ್ತರ ಸರಿ ಎಂದೇ ಭಾವಿಸಬೇಕು, ಸುತ್ತುಬಳಸಿನ ತರ್ಕದಿಂದ ಅದನ್ನು ತಪ್ಪೆನ್ನಲಾಗದು, ವಿಷಯ ಬಲ್ಲ ಯಾರೂ ಒಪ್ಪದಷ್ಟು ತಪ್ಪು ಎದ್ದು ಕಾಣಬೇಕು. ಆ ಸಲ ವಿದ್ಯಾರ್ಥಿಗಳೇ ಗೆದ್ದರು. ಆಮೇಲೆ ಬಾಗಿಲು ಕಿರಿದಾಗುತ್ತ ಬಂತು. ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿಗೆ 2009ರಲ್ಲಿ ಹೊರಟ ಜಾಹೀರಾತಿನ ವ್ಯಾಜ್ಯ (ರಣ್ ವಿಜಯ್ ಸಿಂಗ್ ಪ್ರಕರಣ) 2017ರ ಡಿಸೆಂಬರ್‌ನಲ್ಲಿ ಮುಗಿದಾಗ ಸುಪ್ರೀಂ ಕೋರ್ಟ್ ಇನ್ನೂ ಖಡಾಖಂಡಿತವಾಗಿತ್ತು. ನ್ಯಾಯಾಧೀಶರು ಮೌಲ್ಯಮಾಪನಕ್ಕೆ ಇಳಿಯಬಾರದು, ಅನುಕಂಪಕ್ಕೆ ಇಲ್ಲಿ ಜಾಗವಿಲ್ಲ, ಸಂಶಯವಿದ್ದರೆ ಅದರ ಲಾಭ ಪರೀಕ್ಷಾ ಸಂಸ್ಥೆಗೆ. ಎಂಟು ವರ್ಷ ಎಳೆದ ಆ ವ್ಯಾಜ್ಯವನ್ನು ನೋಡಿದರೆ ಈ ಸಂಯಮ ತಪ್ಪೆನ್ನಲಾರೆ.

ಆದರೆ ಒಂದೇ ಪ್ರಶ್ನೆಯ ಬಲ ಎಷ್ಟು ಎಂಬುದನ್ನು ವೈದ್ಯಕೀಯ ಪ್ರವೇಶ ಪರೀಕ್ಷೆಯಾದ 2024ರ ನೀಟ್ ತೋರಿಸಿತು. ಭೌತಶಾಸ್ತ್ರದ ಒಂದು ಪ್ರಶ್ನೆಗೆ ಎರಡು ಉತ್ತರಗಳೂ ಸರಿ ಎಂದು ಅಂಕ ಕೊಟ್ಟಿದ್ದರು. ಸುಪ್ರೀಂ ಕೋರ್ಟ್ ದೆಹಲಿ ಐಐಟಿಯ ಮೂವರು ತಜ್ಞರನ್ನು ಕೇಳಿತು, ಒಂದೇ ಸರಿ ಎಂಬ ಉತ್ತರ ಬಂತು. 4 ಲಕ್ಷಕ್ಕೂ ಹೆಚ್ಚು ಮಂದಿಯ ಅಂಕ ಬದಲಾಯಿತು. 720ಕ್ಕೆ 720 ಪಡೆದವರು 61ರಿಂದ 17ಕ್ಕೆ ಇಳಿದರು. ತಜ್ಞರಿಗೆ ಅದನ್ನು ಬಿಡಿಸಲು ಸಾಧ್ಯವಾಗಿದ್ದು ತಪ್ಪು ಕೀ ಉತ್ತರದಲ್ಲಿ ಇದ್ದುದರಿಂದ.

ಅನುವಾದದ ತಪ್ಪು ಹಾಗಲ್ಲ. ಇಂಗ್ಲಿಷ್ ಪ್ರಶ್ನೆಗೆ ಕೀ ಉತ್ತರ ಹೊಂದುತ್ತದೆ, ತಜ್ಞರನ್ನು ಕೇಳಿದರೂ ಸರಿ ಎನ್ನುತ್ತಾರೆ. ಗೊಂದಲವಿದ್ದರೆ ಇಂಗ್ಲಿಷ್ ಪಾಠವೇ ಅಂತಿಮ ಎಂಬ ನಿಯಮ ಬೇರೆ ಇದೆ. ಹಾಗಾಗಿ 1983ರ ಅಳತೆಗೋಲಿಗೆ ಈ ದೋಷ ಸಿಕ್ಕುವುದೇ ಇಲ್ಲ. ಲೆಕ್ಕ ನೋಡಿ: ಕೆಪಿಎಸ್‌ಸಿ ಪೂರ್ವಭಾವಿಯಲ್ಲಿ ಪ್ರಶ್ನೆಗೆ 2 ಅಂಕ, ತಪ್ಪಿದರೆ ಅರ್ಧ ಅಂಕ ಕಡಿತ. ಉತ್ತರ ಗೊತ್ತಿದ್ದೂ ಕನ್ನಡ ವಾಕ್ಯ ದಾರಿ ತಪ್ಪಿಸಿದರೆ ನಷ್ಟ 2.5 ಅಂಕ, ಅಂಥ ನಾಲ್ಕು ಪ್ರಶ್ನೆಗೆ 10. ಕೀ ಉತ್ತರ ತಪ್ಪಿದರೆ ಎರಡೂ ಮಾಧ್ಯಮದವರಿಗೆ ಏಟು ಬೀಳುತ್ತದೆ. ಅನುವಾದ ತಪ್ಪಿದರೆ ಒಂದೇ ಕಡೆಗೆ. ಮಾಪನಶಾಸ್ತ್ರ ಇದನ್ನು ಆಕಸ್ಮಿಕ ದೋಷ ಎನ್ನುವುದಿಲ್ಲ, ಪಕ್ಷಪಾತ ಎನ್ನುತ್ತದೆ. ಪ್ರಶ್ನೆಗಳ ಸಂಖ್ಯೆ ಹೆಚ್ಚಿಸಿದರೂ ಅದು ಸರಿದೂಗುವುದಿಲ್ಲ.

ಪತ್ತೆಹಚ್ಚುವ ದಾರಿ ಹಳೆಯದೇ. ಒಟ್ಟು ಅಂಕ ಸಮವಾಗಿರುವ ಕನ್ನಡ ಮತ್ತು ಇಂಗ್ಲಿಷ್ ಮಾಧ್ಯಮದವರನ್ನು ಜೋಡಿಸಿ, ಪ್ರತಿ ಪ್ರಶ್ನೆಯಲ್ಲಿ ಯಾರೆಷ್ಟು ಎಡವಿದರು ಎಂದು ಹೋಲಿಸುವುದು. 1959ರಲ್ಲಿ ಮ್ಯಾಂಟೆಲ್ ಮತ್ತು ಹೆನ್ಸೆಲ್ ರೋಗಗಳ ಅಧ್ಯಯನಕ್ಕೆಂದು ರೂಪಿಸಿದ ಈ ಗಣಿತವನ್ನು ಅಮೆರಿಕದ ಪರೀಕ್ಷಾ ಸಂಸ್ಥೆಗಳು 1980ರ ದಶಕದಿಂದ ಬಳಸುತ್ತಿವೆ. ಅಭ್ಯರ್ಥಿಯ ಮಾಧ್ಯಮ ದಾಖಲಾಗಿದ್ದರೆ ಸಾಕು, ಓಎಂಆರ್ ಹಾಳೆ ಸ್ಕ್ಯಾನ್ ಆದ ಕೆಲವೇ ದಿನಗಳಲ್ಲಿ ಮಾಡಿ ಮುಗಿಸಬಹುದಾದ ಕೆಲಸ.

ತಮಾಷೆಯೆಂದರೆ, ಎಲ್ಲರೂ ಉಲ್ಲೇಖಿಸುವ ಆ ಕಾನ್ಪುರ ತೀರ್ಪೇ ಅನುವಾದದ ಬಗ್ಗೆಯೂ ಎಚ್ಚರಿಸಿತ್ತು. ಹಿಂದಿ ಬಲ್ಲವರನ್ನು ಕೂರಿಸಿದರೆ ಸಾಲದು, ಅನುವಾದಕರಿಗೆ ವಿಜ್ಞಾನದ ಪರಿಭಾಷೆಯೂ ಅನುವಾದದ ಕಲೆಯೂ ಗೊತ್ತಿರಬೇಕು ಎಂದು. ವಕೀಲರ ಅರ್ಜಿಗಳಲ್ಲಿ ಆ ಭಾಗ ಅಷ್ಟಾಗಿ ಕಾಣುವುದಿಲ್ಲ.

ಹಾಗಾಗಿ ಪರೀಕ್ಷೆ ಬರೆಯುವವರಿಗೆ ಒಂದು ಮಾತು. ಆಕ್ಷೇಪಣೆ ಸಲ್ಲಿಸುವಾಗ ಕೀ ಉತ್ತರವನ್ನಷ್ಟೇ ಪ್ರಶ್ನಿಸಬೇಡಿ. ಎರಡೂ ಭಾಷೆಯ ಪ್ರಶ್ನೆಯನ್ನು ಅಕ್ಕಪಕ್ಕ ಇಟ್ಟು, ಅರ್ಥ ಎಲ್ಲಿ ಬೇರೆಯಾಯಿತು ಎಂದು ಗಡುವಿನೊಳಗೆ ಲಿಖಿತವಾಗಿ ಕೊಡಿ. ಮಾಧ್ಯಮವಾರು ವಿಶ್ಲೇಷಣೆ ಮಾಡದೆ ಅಂತಿಮ ಕೀ ಉತ್ತರ ಪ್ರಕಟಿಸಬಾರದೆಂದು ಆಯೋಗವನ್ನು ಈಗಲೇ ಕೇಳಿ. ಫಲಿತಾಂಶ ಬಂದ ಮೇಲೆ ಕೇಳಿದರೆ ಸಂಶಯದ ಲಾಭ ನಿಮಗೆ ಸಿಗುವುದಿಲ್ಲ.