ಬಟ್ಟಲಿನಲ್ಲಿ ಮೋಡ

ತಿನಿಸಿಗೆ ಹೆಸರಿಡುವಾಗ ಚೀನೀಯರದು ಕವಿಯ ಕಣ್ಣು. ತೆಳುವಾದ ಗೋಧಿಯ ಹಾಳೆಯಲ್ಲಿ ತುಸುವೇ ಹೂರಣವನ್ನಿಟ್ಟು ಮಡಿಸಿ, ಬೇಯಿಸಿ, ತಿಳಿಸಾರಿನಲ್ಲಿ ತೇಲಬಿಡುವ ಪುಟ್ಟ ಕಡುಬೊಂದು ಅವರ ನಾಡಿನಲ್ಲಿ ಬಹುಕಾಲದಿಂದ ಬಳಕೆಯಲ್ಲಿದೆ. ದಕ್ಷಿಣದ ಗ್ವಾಂಗ್‌ಡಾಂಗ್ ಪ್ರಾಂತ್ಯದವರು ಇದನ್ನು ‘ವಾನ್‌ತಾನ್’ ಎನ್ನುತ್ತಾರೆ. ಅದನ್ನು ಬರೆಯುವ ಎರಡು ಅಕ್ಷರಗಳಿಗೆ ‘ಮೋಡ’ ಮತ್ತು ‘ನುಂಗು’ ಎಂದು ಅರ್ಥ. ಇಂಗ್ಲಿಷಿನ ಮೂಲಕ ನಮಗೆ ಪರಿಚಿತವಾಗಿರುವ ‘ವಾನ್‌ಟನ್’ ಈ ಶಬ್ದವೇ. ಸಿಚುವಾನ್ ಪ್ರಾಂತ್ಯದಲ್ಲಿ ಇದೇ ಕಡುಬಿಗೆ ‘ಚಾವ್‌ಶೌ’ ಎಂದು ಹೆಸರು. ಹಾಳೆಯ ಎರಡು ತುದಿಗಳನ್ನು ಒಂದರ ಮೇಲೊಂದು ತಂದು ಒತ್ತಿದಾಗ, ಅದು ಚಳಿಗೆ ಕೈಕಟ್ಟಿ ಕುಳಿತವನಂತೆ ತೋರುವುದೇ ಈ ಹೆಸರಿಗೆ ಕಾರಣ.

ಉತ್ತರದವರ ಮಾತಿನಲ್ಲಿ ಇದು ‘ಹುನ್‌ತುನ್’. ಸೃಷ್ಟಿಗೆ ಮುಂಚಿನ, ಭೂಮ್ಯಾಕಾಶಗಳಿನ್ನೂ ಬೇರ್ಪಡದ ಸ್ಥಿತಿಯನ್ನು ಸೂಚಿಸುವ ‘ಹುನ್‌ದುನ್’ ಎಂಬ ಪ್ರಾಚೀನ ಶಬ್ದಕ್ಕೂ ಇದಕ್ಕೂ ಉಚ್ಚಾರದಲ್ಲಿ ಇರುವುದು ಕೂದಲೆಳೆಯ ಅಂತರ. ಹಗಲು ಅತ್ಯಂತ ಕಿರಿದಾಗುವ ಡಿಸೆಂಬರ್ ತಿಂಗಳ ದಿನದಂದು ಬೀಜಿಂಗಿನ ಜನ ಇದನ್ನು ತಿನ್ನುತ್ತಿದ್ದರು. ಈ ಕಡುಬಿನ ಆಕಾರ ಮೊಟ್ಟೆಯಂತಿದ್ದು ಆದಿಯ ಆ ಅವ್ಯಕ್ತವನ್ನು ಹೋಲುತ್ತದೆ, ಆದುದರಿಂದಲೇ ಈ ಪದ್ಧತಿ ಎಂದು ಆ ನಗರದ ಹಬ್ಬಹರಿದಿನಗಳನ್ನು ಕುರಿತ ಹಳೆಯ ಪುಸ್ತಕವೊಂದು ಹೇಳುತ್ತದೆ. ‘ಬ್ರಹ್ಮಾಂಡ’ ಎಂಬ ಮಾತನ್ನು ಬಲ್ಲ ನಮಗೆ ಈ ಕಲ್ಪನೆ ತೀರ ಅಪರಿಚಿತವಲ್ಲ.

ಕ್ರಿಸ್ತಪೂರ್ವ 4ನೆಯ ಶತಮಾನದ ಜುವಾಂಗ್‌ಜಿ ಎಂಬ ತತ್ತ್ವಜ್ಞಾನಿಯ ಹೆಸರಿನ ಗ್ರಂಥದಲ್ಲಿ ಹುನ್‌ದುನ್ ಒಬ್ಬ ರಾಜ. ಅವನು ನಡುನಾಡಿನ ಒಡೆಯ. ದಕ್ಷಿಣ ಸಮುದ್ರದ ಮತ್ತು ಉತ್ತರ ಸಮುದ್ರದ ದೊರೆಗಳು ಆಗಾಗ ಅವನಲ್ಲಿಗೆ ಬಂದು ಆದರಾತಿಥ್ಯ ಪಡೆಯುತ್ತಿದ್ದರು. ಈ ಉಪಕಾರಕ್ಕೆ ಪ್ರತ್ಯುಪಕಾರ ಮಾಡಬೇಕೆಂದು ಅವರಿಗೆ ಅನ್ನಿಸಿತು. ನೋಡಲು, ಕೇಳಲು, ಉಣ್ಣಲು, ಉಸಿರಾಡಲು ಎಲ್ಲರಿಗೂ ಏಳು ರಂಧ್ರಗಳಿವೆ, ಪಾಪ, ಇವನಿಗೆ ಒಂದೂ ಇಲ್ಲ ಎಂದು ಮರುಗಿ, ದಿನಕ್ಕೊಂದರಂತೆ ಅವನಿಗೆ ರಂಧ್ರ ಕೊರೆದರು. ಏಳನೆಯ ದಿನ ಹುನ್‌ದುನ್ ಸತ್ತುಹೋದ.

ಈ ಕಥೆಯ ತಾತ್ತ್ವಿಕ ಅರ್ಥವನ್ನು ಪಂಡಿತರು ಬಗೆಬಗೆಯಾಗಿ ಬಿಡಿಸಿದ್ದಾರೆ. ಅಡುಗೆಮನೆಯಲ್ಲಿ ಇದು ಅಕ್ಷರಶಃ ನಿಜ. ವಾನ್‌ಟನ್ನಿಗೆ ಒಂದು ರಂಧ್ರವಾದರೂ ಅದು ಕೆಟ್ಟಂತೆಯೇ. ಒಳಗಿನ ರಸ ನೀರುಪಾಲಾಗುತ್ತದೆ, ಹೂರಣ ಸಪ್ಪೆಯಾಗುತ್ತದೆ. ಆ ರಂಧ್ರವನ್ನು ಮಾಡುವುದು ಅಡುಗೆಯವರ ಔದಾರ್ಯವೇ ಹೊರತು ಜಿಪುಣತನವಲ್ಲ. ಇದನ್ನು ಮನೆಯಲ್ಲಿ ಮಾಡಬಯಸುವವರು ಕಲಿಯಬೇಕಾದ ವಿದ್ಯೆ ಮುಖ್ಯವಾಗಿ ಕೈಯನ್ನು ಹಿಡಿಯುವ ವಿದ್ಯೆ.

ಮೊದಲು ಸಾರು. ನಾಲ್ವರಿಗೆ ಒಂದು ಕಿಲೋ ಕೋಳಿಯ ಮೂಳೆ, ಎರಡೂವರೆ ಲೀಟರ್ ತಣ್ಣೀರು, ಜಜ್ಜಿದ ಶುಂಠಿಯ ಒಂದು ತುಂಡು, ಕೆಲವು ಎಸಳು ಈರುಳ್ಳಿ ಸೊಪ್ಪು ಸಾಕು. ನೀರು ಕಾಯುತ್ತ ಬಂದಂತೆ ಮೇಲೇಳುವ ನೊರೆಯನ್ನು ತೆಗೆದುಹಾಕಿ, ಉರಿಯನ್ನು ತಗ್ಗಿಸಿ, ಎರಡು ಮೂರು ಗಂಟೆ ಬಿಡಬೇಕು. ಅಲ್ಲೊಂದು ಇಲ್ಲೊಂದು ಗುಳ್ಳೆ ಏಳುತ್ತಿದ್ದರೆ ಸರಿ. ಕೊತಕೊತನೆ ಕುದಿಸಿದರೆ ಕೊಬ್ಬು ಸೂಕ್ಷ್ಮ ಕಣಗಳಾಗಿ ಒಡೆದು ನೀರಿನಲ್ಲಿ ಬೆರೆತು ಸಾರು ಕದಡಿಹೋಗುತ್ತದೆ. ಗ್ವಾಂಗ್‌ಜೌ ಮತ್ತು ಹಾಂಗ್‌ಕಾಂಗ್‌ಗಳ ಅಂಗಡಿಗಳಲ್ಲಿ ಒಣಗಿದ ಚಪ್ಪಟೆ ಮೀನನ್ನು ಸುಟ್ಟು ಸಾರಿಗೆ ಹಾಕುವ ವಾಡಿಕೆಯಿದೆ. ಅದರ ಪರಿಮಳವೇ ಅಲ್ಲಿಯ ಸಾರಿನ ಗುರುತು.

ಇನ್ನು ಕಣಕ. 200 ಗ್ರಾಂ ಮೈದಾಹಿಟ್ಟಿಗೆ ಅರ್ಧ ಚಮಚ ಉಪ್ಪು, ಒಂದು ಮೊಟ್ಟೆ, ಸುಮಾರು 50 ಮಿಲಿಲೀಟರ್ ನೀರು ಸೇರಿಸಿ ಗಟ್ಟಿಯಾಗಿ ನಾದಬೇಕು. ಅಂಗಡಿಯವರು ಇದಕ್ಕೆ ಕ್ಷಾರದ ನೀರನ್ನೂ ಬೆರೆಸುವುದುಂಟು. ಹಾಳೆಯ ಹಳದಿ ಛಾಯೆಯೂ ಬಿರುಸೂ ಅದರಿಂದ ಬರುತ್ತವೆ. ನಾದಿದ ಕಣಕವನ್ನು ಒದ್ದೆ ಬಟ್ಟೆ ಮುಚ್ಚಿ ಅರ್ಧ ಗಂಟೆ ಇಡುವುದು ಅವಶ್ಯ. ನಾದುವಾಗ ಬಿಗಿದ ಗೋಧಿಯ ಅಂಟು ಆಗ ಸಡಿಲಗೊಂಡು, ಲಟ್ಟಿಸಿದ ಹಾಳೆ ಹಿಂದಕ್ಕೆ ಕುಗ್ಗುವುದಿಲ್ಲ. ಕಾರ್ನ್‌ಫ್ಲೋರ್ ಉದುರಿಸುತ್ತ, ಕೆಳಗಿಟ್ಟ ಬೆರಳಿನ ನೆರಳು ಕಾಣುವಷ್ಟು ತೆಳುವಾಗಿ ಲಟ್ಟಿಸಿ, 9 ಸೆಂಟಿಮೀಟರಿನ ಚೌಕಗಳಾಗಿ ಕತ್ತರಿಸಿದರೆ ಮೂವತ್ತರಷ್ಟು ಹಾಳೆಗಳಾಗುತ್ತವೆ.

ಗ್ವಾಂಗ್‌ಡಾಂಗಿನ ಹೂರಣ ಸೀಗಡಿ ಮತ್ತು ಹಂದಿಮಾಂಸದ್ದು. ಹಂದಿಮಾಂಸ ಒಲ್ಲದವರು ಕೋಳಿಯನ್ನು ಬಳಸಬಹುದು. ಎರಡೂ ಸೇರಿ 200 ಗ್ರಾಂ ಸಾಕು. ಸಣ್ಣಗೆ ಕೊಚ್ಚಿದ ಮಾಂಸಕ್ಕೆ ಉಪ್ಪು, ಬಿಳಿ ಮೆಣಸಿನ ಪುಡಿ, ಶುಂಠಿಯ ರಸ, ಎರಡು ಚಮಚ ನೀರು ಹಾಕಿ ಒಂದೇ ದಿಕ್ಕಿನಲ್ಲಿ ತಿರುವುವುದು ಅಲ್ಲಿಯ ಪದ್ಧತಿ. ಉಪ್ಪು ಮಾಂಸದ ಪ್ರೋಟೀನನ್ನು ಹೊರಗೆಳೆಯುವುದರಿಂದ ಮಿಶ್ರಣ ಅಂಟಾಗಿ, ನೀರನ್ನು ತನ್ನೊಳಗೆ ಹಿಡಿದಿಟ್ಟುಕೊಳ್ಳುತ್ತದೆ. ಸೀಗಡಿಯನ್ನು ತುಂಡುಮಾಡಿ ಕೊನೆಗೆ ಸೇರಿಸಬೇಕು. ಕೆಲವು ಹನಿ ಎಳ್ಳೆಣ್ಣೆಯೂ ಬೇಕು. ಚೀನೀಯರ ಎಳ್ಳೆಣ್ಣೆ ಹುರಿದ ಎಳ್ಳಿನದು. ಅದರ ಘಮ ನಮ್ಮ ಗಾಣದ ಎಣ್ಣೆಯದಕ್ಕಿಂತ ಬೇರೆ.

ಕೈಯನ್ನು ಹಿಡಿಯಬೇಕಾದದ್ದು ಇಲ್ಲಿ. ಒಂದು ಹಾಳೆಗೆ ಒಂದು ಸಣ್ಣ ಚಮಚ ಹೂರಣ, ಅಷ್ಟೇ. ಅಂಚಿಗೆ ನೀರು ಸವರಿ ತ್ರಿಕೋನವಾಗಿ ಮಡಿಸಿ, ಹೂರಣದ ಸುತ್ತಲಿನ ಗಾಳಿಯನ್ನು ಬೆರಳಿನಿಂದ ಹೊರಗೆ ಒತ್ತಿ, ಅಂಚನ್ನು ಮುಚ್ಚಬೇಕು. ಒಳಗುಳಿದ ಗಾಳಿ ಕಾವಿಗೆ ಹಿಗ್ಗಿ ಹಾಳೆಯನ್ನು ಸೀಳುತ್ತದೆ. ಬಳಿಕ ಎರಡು ತುದಿಗಳನ್ನು ತಂದು ಒಂದರ ಮೇಲೊಂದಿಟ್ಟು ಒತ್ತಿದರೆ ಕೈಕಟ್ಟಿದ ಮನುಷ್ಯ ಸಿದ್ಧ.

ಬೇಯಿಸುವುದಕ್ಕೆ ಬೇರೆಯೇ ಪಾತ್ರೆ ಬೇಕು. ಇಷ್ಟು ಒಳ್ಳೆಯ ಸಾರಿರುವಾಗ ಬರಿಯ ನೀರೇಕೆ ಎಂದು ಕೇಳಬಹುದು. ಹಾಳೆಗೆ ಅಂಟಿದ ಹಿಟ್ಟು ಬೇಯುವಾಗ ಕರಗಿ ಗಂಜಿಯಾಗುತ್ತದೆ. ಆ ಗಂಜಿ ಸಾರಿಗೆ ಸೇರಿದರೆ ಮೂರು ಗಂಟೆಯ ತಾಳ್ಮೆ ಮೂರು ನಿಮಿಷದಲ್ಲಿ ವ್ಯರ್ಥ. ಆದುದರಿಂದ ಅಗಲವಾದ ಪಾತ್ರೆಯಲ್ಲಿ ಕುದಿಯುವ ನೀರಿಗೆ ಹತ್ತು ಹತ್ತರಂತೆ ಬಿಟ್ಟು, ಅವು ತೇಲಿದ ಮೇಲೆ ಮತ್ತೊಂದೆರಡು ನಿಮಿಷ ಕಾದು, ಒಂದನ್ನು ಕತ್ತರಿಸಿ ಒಳಗೆ ಬೆಂದಿರುವುದನ್ನು ನೋಡಿ, ತೂತಿನ ಸೌಟಿನಿಂದ ತೆಗೆದು ಬಟ್ಟಲಿಗೆ ಹಾಕಬೇಕು. ಮೇಲೆ ಬಿಸಿಯಾದ ಸಾರು, ಹೆಚ್ಚಿದ ಈರುಳ್ಳಿ ಸೊಪ್ಪು.

ಸಸ್ಯಾಹಾರಿಗಳು ನಿರಾಶರಾಗಬೇಕಿಲ್ಲ. ಚೀನಾದ ಬೌದ್ಧ ವಿಹಾರಗಳ ಅಡುಗೆಯಲ್ಲಿ ಮಾಂಸಕ್ಕೆ ಸ್ಥಾನವಿಲ್ಲ. ನಮ್ಮ ಅನೇಕ ಮನೆಗಳಲ್ಲಿರುವಂತೆ ಈರುಳ್ಳಿ ಬೆಳ್ಳುಳ್ಳಿಗಳೂ ಅಲ್ಲಿ ವರ್ಜ್ಯ. ಒಣ ಅಣಬೆಯನ್ನೂ ಸೋಯಾ ಕಾಳಿನ ಮೊಳಕೆಯನ್ನೂ ಕುದಿಸಿ ಅವರು ಸಾರು ಮಾಡುತ್ತಾರೆ. ಸೋಯಾ ಹಾಲಿನಿಂದ ಮಾಡಿದ ತೋಫು, ಅಣಬೆ, ಸೊಪ್ಪು ಇವೇ ಹೂರಣ. ಸೊಪ್ಪನ್ನು ಬಾಡಿಸಿ ಚೆನ್ನಾಗಿ ಹಿಂಡಬೇಕೆಂಬುದೊಂದೇ ಎಚ್ಚರಿಕೆ. ಕಣಕಕ್ಕೆ ಮೊಟ್ಟೆಯ ಬದಲು ಅಷ್ಟೇ ಪ್ರಮಾಣದ ನೀರು ಸಾಲುತ್ತದೆ.

ಅತಿಥಿಯ ಎಲೆ ತುಂಬಿ ತುಳುಕುವಂತೆ ಬಡಿಸುವುದು ನಮ್ಮಲ್ಲಿ ಪ್ರೀತಿಯ ಲಕ್ಷಣ. ಅದೇ ಪ್ರೀತಿಯಿಂದ ಇಲ್ಲಿ ಹೂರಣವನ್ನು ಒತ್ತಿ ತುಂಬಿದರೆ, ಎರಡು ಸಮುದ್ರಗಳ ದೊರೆಗಳು ಮಾಡಿದ್ದನ್ನೇ ನಾವೂ ಮಾಡಿದಂತಾಗುತ್ತದೆ. ಬಂದವರಿಗೆ ಹೆಚ್ಚು ಉಣಿಸಬೇಕೆಂಬ ಮನಸ್ಸಿದ್ದರೆ ಕಡುಬುಗಳ ಸಂಖ್ಯೆಯನ್ನು ಹೆಚ್ಚಿಸೋಣ. ಮನೆಮಂದಿಯೆಲ್ಲ ಸುತ್ತ ಕುಳಿತು ಮಡಿಸಿದರೆ ಅರವತ್ತಾದರೂ ಹೊರೆಯೆನಿಸದು.