ನಾಡಕಚೇರಿಯ ಕಟ್ಟೆಯ ಮೇಲೆ

ಹೋಬಳಿ ಊರಿನ ನಾಡಕಚೇರಿ ಬಾಗಿಲು ತೆಗೆಯುವುದು ಹತ್ತು ಗಂಟೆಗೆ. ಒಂಬತ್ತಕ್ಕೇ ಎದುರಿನ ಕಟ್ಟೆ ತುಂಬಿರುತ್ತದೆ. ಮೊದಲ ಬಸ್ಸಿಗೆ ಬಂದಿಳಿದ ಅಜ್ಜಿಯರು ಬೇವಿನ ಮರದ ಬುಡದಲ್ಲಿ ಕೂತು ಎಲೆಅಡಿಕೆ ಚೀಲ ಬಿಚ್ಚಿದ್ದಾರೆ. 2023ರ ಜೂನ್‌ನಲ್ಲಿ ಹೆಂಗಸರ ಉಚಿತ ಬಸ್ ಪ್ರಯಾಣದ ಶಕ್ತಿ ಯೋಜನೆ ಬಂದ ಮೇಲೆ ಅವರಿಗೆ ಬಸ್ಸಿನ ಖರ್ಚಿಲ್ಲ. ಜೊತೆಗೆ ಬಂದ ಮುದುಕರು ಟಿಕೆಟ್ ತೆಗೆಸಲೇಬೇಕು. ಎಲ್ಲರ ಕೈಯಲ್ಲೂ ಒಂದೊಂದು ಪ್ಲಾಸ್ಟಿಕ್ ಕವರು. ಒಳಗೆ ಆಧಾರ್, ರೇಷನ್ ಕಾರ್ಡು, ಪಾಸ್‌ಬುಕ್ಕು, ಎರಡು ಫೋಟೋ, ಜೊತೆಗೆ ಮಡಿಸಿ ಮಡಿಸಿ ಮಡಿಕೆಯಲ್ಲೇ ಹರಿಯಲು ಹತ್ತಿದ ಸ್ವೀಕೃತಿ ಚೀಟಿ. ಆ ಚೀಟಿಯನ್ನು ಓದಲು ಬಾರದವರೂ ಅದನ್ನು ನೋಟಿಗಿಂತ ಜೋಪಾನವಾಗಿ ಇಟ್ಟುಕೊಂಡಿರುತ್ತಾರೆ.

ಕಿಟಕಿಯ ಹಿಂದೆ ಕಂಪ್ಯೂಟರ್ ಮುಂದೆ ಕೂತ ಹುಡುಗನಿಗೆ ಇಪ್ಪತ್ತೈದು ದಾಟಿರಲಿಕ್ಕಿಲ್ಲ. ಸರತಿಯಲ್ಲಿ ಮೊದಲು ನಿಂತ ಅಜ್ಜಿ ಕವರನ್ನು ಪೂರ್ತಿಯಾಗಿ ಅವನ ಮುಂದೆ ಸುರಿಯುತ್ತಾಳೆ.

“ನೋಡಪ್ಪ ಮಗಾ, ನಂದು ಆಯ್ತಾ?”

“ಇನ್ನೂ ಆರ್‌.ಐ. ಲಾಗಿನ್‌ನಲ್ಲಿದೆ ಅಜ್ಜಿ.”

“ಅಂಗಂದ್ರೆ?”

“ಇನ್ನೂ ಆಗಿಲ್ಲ. ಮುಂದಿನ ವಾರ ಬಾ.”

ಹುಡುಗ ಒರಟನಲ್ಲ. ಅವನ ಪರದೆಯಲ್ಲಿ ಕಾಣುವುದೂ ಅಷ್ಟೇ. ಅರ್ಜಿ ಇಲ್ಲಿ ದಾಖಲಾದ ಮೇಲೆ ಗ್ರಾಮ ಆಡಳಿತ ಅಧಿಕಾರಿ ಊರಿಗೆ ಹೋಗಿ ವಿಚಾರಿಸಬೇಕು. ಅವರ ವರದಿಯನ್ನು ರೆವಿನ್ಯೂ ಇನ್‌ಸ್ಪೆಕ್ಟರ್ ನೋಡಬೇಕು. ಆಮೇಲೆ ತಹಶೀಲ್ದಾರ್ ಹಂತದಲ್ಲಿ ಮಂಜೂರಾತಿ, ಅಲ್ಲಿಂದ ಖಜಾನೆ, ಖಜಾನೆಯಿಂದ ಆಧಾರ್‌ಗೆ ಜೋಡಣೆಯಾದ ಬ್ಯಾಂಕ್ ಖಾತೆ. ಒಬ್ಬ ಗ್ರಾಮ ಆಡಳಿತ ಅಧಿಕಾರಿಯ ಕೈಯಲ್ಲಿ ಹಲವು ಹಳ್ಳಿಗಳಿರುತ್ತವೆ. ಬೆಳೆ ಸಮೀಕ್ಷೆ, ಚುನಾವಣೆ, ಬರ ಪರಿಹಾರ ಎಲ್ಲವೂ ಅವರ ತಲೆಯ ಮೇಲೆಯೇ. ಆ ತಿಂಗಳು ಬೇರೆ ಕೆಲಸ ತುರ್ತಾಯಿತೆಂದರೆ ಅಜ್ಜಿಯ ಕಡತ ಇದ್ದಲ್ಲೇ ಉಳಿಯುತ್ತದೆ.

ಈ ಅಜ್ಜಿ ಅರ್ಜಿ ಹಾಕಿರುವುದು ಸಂಧ್ಯಾ ಸುರಕ್ಷಾ ಯೋಜನೆಗೆ. 65 ತುಂಬಿದ ಸಣ್ಣ ರೈತರು, ಕೂಲಿಕಾರರು, ನೇಕಾರರು, ಮೀನುಗಾರರಂಥವರಿಗಾಗಿ ರಾಜ್ಯ ಸರ್ಕಾರ 2007ರಲ್ಲಿ ಆರಂಭಿಸಿದ ಯೋಜನೆ ಇದು. ಆಗ ತಿಂಗಳಿಗೆ 400 ರೂಪಾಯಿ ಇದ್ದದ್ದು ಹಂತಹಂತವಾಗಿ ಏರಿ 2021ರಲ್ಲಿ 1,200 ಆಯಿತು. ಕೇಂದ್ರದ ಇಂದಿರಾ ಗಾಂಧಿ ವೃದ್ಧಾಪ್ಯ ವೇತನದಲ್ಲಿ 60ರಿಂದ 79 ವರ್ಷದವರಿಗೆ ದೆಹಲಿಯ ಪಾಲು ಈಗಲೂ 200 ರೂಪಾಯಿ ಮಾತ್ರ. 1,200 ಎಂದರೆ ದಿನಕ್ಕೆ 40. ಬಿ.ಪಿ. ಮಾತ್ರೆ, ಮೊಣಕಾಲಿನ ಎಣ್ಣೆ, ಮೊಮ್ಮಗುವಿನ ಕೈಗೆ ಒಂದು ಬಿಸ್ಕತ್ತು ಪೊಟ್ಟಣ, ಅಂಗಡಿಯ ಸಾಲದಲ್ಲಿ ಒಂದಿಷ್ಟು ಚುಕ್ತಾ. ಸೊಸೆಯ ಮುಂದೆ ಕೈಚಾಚದೆ ಇವಿಷ್ಟು ನಡೆದರೆ ಸಾಕೆಂಬುದು ಅವಳ ಆಸೆ. ಆ ದುಡ್ಡು ಬರುವವರೆಗೆ ಮಾತ್ರೆ ದಿನ ಬಿಟ್ಟು ದಿನ ನುಂಗುವವರಿದ್ದಾರೆ.

ಸರತಿ ಮುಂದೆ ಸರಿಯುತ್ತದೆ. ಅರ್ಧದಷ್ಟು ಜನರ ತೊಡಕು ವಯಸ್ಸಿನದು. ಊರಿನಲ್ಲಿ ಅವರ ವಯಸ್ಸನ್ನು ಎಲ್ಲರೂ ಬಲ್ಲರು: ನೆಹರು ತೀರಿಕೊಂಡ ವರ್ಷ ಮದುವೆಯಾದವಳು, ದೊಡ್ಡ ಬರದಲ್ಲಿ ಗಂಜಿ ಕೇಂದ್ರಕ್ಕೆ ಹೋದವನು. ಕಾಗದ ಇದನ್ನು ಒಪ್ಪುವುದಿಲ್ಲ. ಆಧಾರ್ ಮಾಡಿಸುವಾಗ ಹುಟ್ಟಿದ ದಿನ ಹೇಳಲಾಗದೆ ಅಂದಾಜಿನ ವರ್ಷ ಹೇಳಿದವರಿಗೆಲ್ಲ ಜನವರಿ ಒಂದನೇ ತಾರೀಕು ಬಿದ್ದಿದೆ. ಮತದಾರರ ಚೀಟಿಯಲ್ಲಿ 68, ಆಧಾರ್‌ನಲ್ಲಿ 61. ತಿದ್ದಿಸಲು ಇನ್ನೊಂದು ಕೌಂಟರು, ಇನ್ನೊಂದು ಚೀಟಿ, ಮತ್ತೆ ಕಾಯುವಿಕೆ. ಇನ್ನು ಕೆಲವರ ತೊಡಕು ಬೆರಳಚ್ಚಿನದು. ಜೀವಮಾನವೆಲ್ಲ ಕಳೆ ಕಿತ್ತು, ಹುಲ್ಲು ಕೊಯ್ದು, ಪಾತ್ರೆ ಬೆಳಗಿ ಸವೆದ ಬೆರಳನ್ನು ಯಂತ್ರ ಗುರುತಿಸುವುದಿಲ್ಲ. ಸೆರಗಿನಲ್ಲಿ ಬೆರಳು ಒರೆಸಿ ಒರೆಸಿ ಮತ್ತೆ ಮತ್ತೆ ಒತ್ತುವ ಆ ಮುಖಗಳನ್ನು ನೋಡಿದರೆ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ದುಡಿಮೆಯ ಗುರುತೇ ಅವರಿಗೆ ಅಡ್ಡಿಯಾಗಿ ನಿಂತಿದೆ.

ಗೇಟಿನ ಹೊರಗೆ ಒಬ್ಬ ತ್ರಿಚಕ್ರ ಗಾಡಿಯಲ್ಲೇ ಕೂತಿದ್ದಾನೆ. ಚಿಕ್ಕಂದಿನಲ್ಲಿ ಪೋಲಿಯೊ ಬಂದು ಎರಡೂ ಕಾಲು ಸೋತಿವೆ. ಕಚೇರಿಗೆ ಮೂರು ಮೆಟ್ಟಿಲು. ರ‍್ಯಾಂಪಿನ ಬಾಯಿಗೆ ಯಾರದೋ ಬೈಕು ಅಡ್ಡ ನಿಂತಿದೆ. ಅವನ ಪರವಾಗಿ ಪಂಚಾಯಿತಿಯ ಗ್ರಾಮೀಣ ಪುನರ್ವಸತಿ ಕಾರ್ಯಕರ್ತ ಒಳಗೆ ಹೋಗಿದ್ದಾನೆ. ಅಂಗವಿಕಲರ ಮಾಸಾಶನಕ್ಕೆ ಕಾಯುವ ಹಾದಿ ಇನ್ನೂ ಉದ್ದ, ಏಕೆಂದರೆ ಅದು ನಾಡಕಚೇರಿಗಿಂತ ಮೊದಲೇ ಆಸ್ಪತ್ರೆಯಲ್ಲಿ ಶುರುವಾಗುತ್ತದೆ. ಅಂಗವೈಕಲ್ಯದ ಗುರುತಿನ ಚೀಟಿಯಾದ ಯು.ಡಿ.ಐ.ಡಿ. ಕಾರ್ಡು ಬೇಕು, ಅದರಲ್ಲಿ ಕನಿಷ್ಠ ಶೇ. 40 ಎಂದು ಬರೆದಿರಬೇಕು. ಅಂಗವಿಕಲರ ಹಕ್ಕುಗಳ 2016ರ ಕಾಯ್ದೆ 21 ಬಗೆಯ ಅಂಗವೈಕಲ್ಯಗಳನ್ನು ಗುರುತಿಸಿದೆ, ಅದು ದೊಡ್ಡ ಮಾತೇ. ಆದರೆ ಅವನ್ನು ಅಳೆಯುವ ತಜ್ಞರು ಎಲ್ಲ ತಾಲ್ಲೂಕುಗಳಲ್ಲಿ ಇಲ್ಲ. ಕಾರ್ಡು ಕೊಡಲು ನಿಯಮದಲ್ಲಿದ್ದ ಒಂದು ತಿಂಗಳ ಗಡುವನ್ನು ಕೇಂದ್ರ ಸರ್ಕಾರ 2024ರ ತಿದ್ದುಪಡಿಯಲ್ಲಿ ಮೂರು ತಿಂಗಳಿಗೆ ಹಿಗ್ಗಿಸಿತು. ನಡೆಯಲಾಗದವನಿಗೆ ಕಾಯುವ ಅವಧಿಯನ್ನು ಹೆಚ್ಚಿಸಿದ್ದು ನನಗೆ ಯಾವ ರೀತಿಯಲ್ಲೂ ಸರಿ ಕಾಣುವುದಿಲ್ಲ.

“ಆಸ್ಪತ್ರೆಗೆ ಹೋದಾಗ ಡಾಕ್ಟ್ರು ಇರಲಿಲ್ಲ ಅಂದ್ರು ಸಾರ್. ಆಟೊಗೇ ಎಂಟುನೂರು ಆಯ್ತು,” ಎನ್ನುತ್ತಾನೆ ಅವನು. ಶೇ. 40ಕ್ಕಿಂತ ಮೇಲೆ, 75ಕ್ಕಿಂತ ಕೆಳಗಿದ್ದವರಿಗೆ 2021ರಲ್ಲಿ ನಿಗದಿಯಾದ ತಿಂಗಳ ಮೊತ್ತವೂ ಎಂಟುನೂರೇ.

ಹನ್ನೊಂದೂವರೆಗೆ ಸರ್ವರ್ ನಿಲ್ಲುತ್ತದೆ. ಯಾರೂ ಗಲಾಟೆ ಮಾಡುವುದಿಲ್ಲ. ಜೆರಾಕ್ಸ್ ಅಂಗಡಿಯ ನೆರಳಿಗೆ ಕೆಲವರು ಸರಿಯುತ್ತಾರೆ, ಒಬ್ಬಳು ಬುತ್ತಿ ಬಿಚ್ಚಿ ಪಕ್ಕದವಳಿಗೂ ಅರ್ಧ ರೊಟ್ಟಿ ಕೊಡುತ್ತಾಳೆ. ಹಿಂದೆ ಈ ದುಡ್ಡು ಮನಿಯಾರ್ಡರಿನಲ್ಲಿ ಬರುತ್ತಿದ್ದ ಕಾಲವನ್ನು ಒಬ್ಬ ತಾತ ನೆನೆಯುತ್ತಾರೆ. ಅಂಚೆಯಣ್ಣ ಮನೆ ಬಾಗಿಲಿಗೆ ಬಂದು ಎಣಿಸಿ ಕೊಡುತ್ತಿದ್ದ, ಹತ್ತಿಪ್ಪತ್ತು ಇಟ್ಟುಕೊಳ್ಳುತ್ತಿದ್ದದ್ದೂ ಉಂಟು. ಈಗ ನಡುವೆ ಕೈಯೊಡ್ಡುವವರು ಕಡಿಮೆಯಾಗಿದ್ದಾರೆ, ಅದು ನಿಜವಾದ ಲಾಭ. ಆದರೆ ದುಡ್ಡು ಯಾಕೆ ಬರಲಿಲ್ಲವೆಂದು ಕೇಳಲು ಎದುರಿಗೊಬ್ಬ ಮನುಷ್ಯನೂ ಇಲ್ಲವಾದ.

ಬೇಗ ಆಗುವುದೇ ಇಲ್ಲವೆಂದಲ್ಲ. ಹೋಬಳಿಗಳಲ್ಲಿ ಪಿಂಚಣಿ ಅದಾಲತ್ ನಡೆದ ದಿನ ತಹಶೀಲ್ದಾರರೇ ಬಂದು ಕೂತು, ಅಲ್ಲೇ ವರದಿ ತರಿಸಿ, ಅಲ್ಲೇ ಆದೇಶಪತ್ರ ಕೈಗೆ ಕೊಟ್ಟದ್ದಿದೆ. ತಿಂಗಳುಗಟ್ಟಲೆ ಹಿಡಿದ ಕೆಲಸ ಮಧ್ಯಾಹ್ನದೊಳಗೆ ಮುಗಿದ ಮೇಲೆ, ಆ ತಿಂಗಳುಗಳ ಅಗತ್ಯವೇ ಇರಲಿಲ್ಲವೆಂದು ಬೇರೆ ಸಾಕ್ಷಿ ಬೇಕಿಲ್ಲ.

ಮುಪ್ಪು, ಕಾಯಿಲೆ, ಅಂಗವೈಕಲ್ಯದಲ್ಲಿ ಸರ್ಕಾರದ ನೆರವು ಸಿಗಬೇಕೆಂದು ಸಂವಿಧಾನದ 41ನೇ ವಿಧಿ ಹೇಳುತ್ತದೆ. ಅದಕ್ಕೊಂದು ಗಡುವನ್ನು ಹಾಕಿಕೊಟ್ಟದ್ದು ಕರ್ನಾಟಕದ ಸಕಾಲ ಕಾಯ್ದೆ. 2011ರಲ್ಲಿ ಅಂಗೀಕಾರವಾಗಿ 2012ರ ಏಪ್ರಿಲ್‌ನಲ್ಲಿ ರಾಜ್ಯದಾದ್ಯಂತ ಜಾರಿಗೆ ಬಂದ ಈ ಕಾಯ್ದೆಯಲ್ಲಿ ಇಂಥ ಮಾಸಾಶನಗಳಿಗೆ ಇಟ್ಟ ಅವಧಿ 45 ದಿನ. ತಡವಾದರೆ ದಿನಕ್ಕೆ 20 ರೂಪಾಯಿಯಂತೆ, ಹೆಚ್ಚೆಂದರೆ 500 ರೂಪಾಯಿ ಪರಿಹಾರವನ್ನು ಅರ್ಜಿದಾರರು ಕೇಳಬಹುದು. ಈ ಕಟ್ಟೆಯ ಮೇಲೆ ಅದನ್ನು ಕೇಳಿದವರನ್ನು ನಾನು ಕಂಡಿಲ್ಲ. ತಮ್ಮ ಚೀಟಿಯ ಮೇಲಿರುವ ಉದ್ದನೆಯ ಅಂಕಿ ತಮ್ಮ ಹಕ್ಕಿನ ದಾಖಲೆಯೆಂದು ಅವರಿಗೆ ಯಾರೂ ಹೇಳಿಲ್ಲ.

ಆದ್ದರಿಂದ ಓದುಬರಹ ಬಲ್ಲವರಲ್ಲಿ ಒಂದು ಕೋರಿಕೆ. ನಿಮ್ಮ ಬೀದಿಯಲ್ಲಿ, ನಿಮ್ಮ ತಾಯಿಯ ಊರಿನಲ್ಲಿ, ನಿಮ್ಮ ಮನೆಗೆಲಸದವರ ಮನೆಯಲ್ಲಿ ಮಾಸಾಶನಕ್ಕೆ ಕಾದಿರುವ ಒಬ್ಬರಾದರೂ ಇದ್ದೇ ಇರುತ್ತಾರೆ. ಅವರ ಚೀಟಿಯನ್ನು ಇಸಿದುಕೊಂಡು ಆ ಸಕಾಲ ಸಂಖ್ಯೆಯನ್ನು ಮೊಬೈಲಿನಲ್ಲಿ ಹಾಕಿ ಅರ್ಜಿ ಎಲ್ಲಿದೆ ನೋಡಿ. ಬ್ಯಾಂಕ್ ಖಾತೆ ಆಧಾರ್‌ಗೆ ಜೋಡಣೆಯಾಗಿದೆಯೇ ವಿಚಾರಿಸಿ. 45 ದಿನ ದಾಟಿದ್ದರೆ ಅವರ ಹೆಸರಿನಲ್ಲಿ ಒಂದು ಮೇಲ್ಮನವಿ ಬರೆದುಕೊಡಿ, ಸಾಧ್ಯವಾದರೆ ಜೊತೆಗೆ ಹೋಗಿ ನಿಲ್ಲಿ.